ಸೋದರಮಾವನ ಊರನ್ನು ಅರೇಬಿಯಾ ಎನ್ನಬೇಡಿ

ನಮಸ್ಕಾರ. ಕಳೆದ ಸಂಚಿಕೆಯಲ್ಲಿ ಇಂಡೋನೇಷ್ಯಾದ ಪೂರ್ವ ಜಾವಾದಲ್ಲಿರುವ ಸುರಬಾಯ ನಗರದ ಆಂಪೆಲ್ ಎಂಬ ಅರಬ್ ಕೇರಿಯ ಕುರಿತು ಮಾತನಾಡಿದ್ದೆ. ಅದರ ಕೆಳಗೆ ಒಬ್ಬ ಮಹನೀಯರು ಬರೆದ ಒಂದು ಸಾಲು ಎರಡು ವಾರಗಳಿಂದ ನನ್ನ ನಿದ್ದೆ ಕೆಡಿಸಿದೆ. "ಅರೇಬಿಯಾದ ತುಂಡೊಂದನ್ನು ಕತ್ತರಿಸಿ ಜಾವಾದಲ್ಲಿ ತಂದಿಟ್ಟಂತಿದೆ, ಅಲ್ಲಿ ಜಾವಾದ್ದು ಎನ್ನುವಂಥದ್ದು ಏನೂ ಇಲ್ಲ" ಎಂದು ಅವರು ತೀರ್ಪು ಕೊಟ್ಟಿದ್ದಾರೆ. ಆ ತೀರ್ಪಿಗೆ ನನ್ನ ವಿಡಿಯೊಗಿಂತ ಹೆಚ್ಚು ಮೆಚ್ಚುಗೆ ಬಂದಿದೆ. ಆ ಸಂಕಟವನ್ನು ಸದ್ಯಕ್ಕೆ ಪಕ್ಕಕ್ಕಿಡೋಣ. ಇಂದಿನ ಸಂಚಿಕೆ ಇಡಿಯಾಗಿ ಆ ಒಂದು ಸಾಲಿಗೆ ಉತ್ತರ. ನನ್ನ ವಾದವೂ ಒಂದೇ ಸಾಲಿನದು: ಆಂಪೆಲ್ ಅಪ್ಪನ ಊರಲ್ಲ, ಸೋದರಮಾವನ ಊರು. ಏನಿದು ಒಗಟು ಎನ್ನುತ್ತೀರಾದರೆ ಸ್ವಲ್ಪ ತಾಳ್ಮೆಯಿರಲಿ.

ಮೊದಲು ಬಾಗಿಲಿನಿಂದಲೇ ಆರಂಭಿಸುತ್ತೇನೆ. ಖರ್ಜೂರ, ಅತ್ತರು, ಜಪಮಾಲೆ, ಟೋಪಿ, ಸಾರಂಗ್ ಎಂಬ ಲುಂಗಿ ಇವೆಲ್ಲವೂ ಇಕ್ಕೆಲದ ಅಂಗಡಿಗಳಿಂದ ಮೈಮೇಲೆ ಬೀಳುವಂತೆ ತೂಗುತ್ತಿರುವ ಆಂಪೆಲ್ ಸುಚಿ ಎಂಬ ಓಣಿಯಲ್ಲಿ ನಡೆದರೆ ಸುನಾನ್ ಆಂಪೆಲ್ ಮಸೀದಿ ಸಿಗುತ್ತದೆ. ಆ ಮಸೀದಿ ಮತ್ತು ಸಮಾಧಿಯ ಸುತ್ತ ಐದು ದ್ವಾರಗಳಿದ್ದು, ಇಸ್ಲಾಮಿನ ಐದು ಆಧಾರಸ್ತಂಭಗಳನ್ನು ಅವು ಸೂಚಿಸುತ್ತವೆ. ದ್ವಾರಕ್ಕೆ ಅಲ್ಲಿನವರು ಹೇಳುವ ಪದ ಗಾಪುರೊ, ಅಂದರೆ ನಮ್ಮ ಗೋಪುರ. ಉಪವಾಸವನ್ನು ಸೂಚಿಸುವ ದ್ವಾರದ ಹೆಸರು ಪೊಸೊ. ಅದು ಉಪವಾಸ ಎಂಬ ಶಬ್ದವೇ ಸವೆದು ಉಳಿದ ರೂಪ. ದೇವರೊಬ್ಬನೇ ಎಂದು ಸಾಕ್ಷಿ ನುಡಿಯುವುದನ್ನು ಸೂಚಿಸುವ ದ್ವಾರ ಪನೆಕ್ಸೆನ್, ಅದರ ಹೊಟ್ಟೆಯಲ್ಲಿ ಕುಳಿತಿರುವುದು ಸಾಕ್ಷಿ ಎಂಬ ಪದ. ಹಜ್ ಯಾತ್ರೆಯ ದ್ವಾರ ಮುಂಗ್ಗಾಹ್, ಅಂದರೆ ಮೇಲೇರುವುದು. ನಮಾಜಿನ ದ್ವಾರ ಮಡೆಪ್, ಅಂದರೆ ಮುಖ ಮಾಡಿ ನಿಲ್ಲುವುದು. ಇವೆರಡೂ ಅಚ್ಚ ಜಾವಾ ಭಾಷೆಯ ಮಾತುಗಳು. ದಾನದ ದ್ವಾರವಾದ ಙಮಲ್ ಒಂದೇ ಅಮಲ್ ಎಂಬ ಅರಬ್ಬೀ ಪದದಿಂದ ಬಂದದ್ದು, ಅದರ ಮೂಗಿಗೂ ಜಾವಾದವರು ತಮ್ಮ ಅನುನಾಸಿಕದ ನತ್ತು ತೊಡಿಸಿದ್ದಾರೆ. "ಜಾವಾದ್ದು ಏನೂ ಇಲ್ಲ" ಎಂದವರು ಯಾವ ಬಾಗಿಲಿನಿಂದ ಒಳಗೆ ಹೋದರೋ ನನಗೆ ತಿಳಿಯದು. ಗೋಡೆ ಹಾರಿ ಹೋಗಿರಬೇಕು.

ಇನ್ನು ಒಳಗೆ ಮಲಗಿರುವ ಸಂತರ ವಿಚಾರ. ಜಾವಾಕ್ಕೆ ಇಸ್ಲಾಮನ್ನು ತಂದರೆನ್ನಲಾಗುವ ಒಂಬತ್ತು ವಲಿಗಳಲ್ಲಿ ಒಬ್ಬರಾದ ಸುನಾನ್ ಆಂಪೆಲ್ ಅವರ ನಿಜ ಹೆಸರು ರಾದೆನ್ ರಹ್ಮತ್. ಪರಂಪರೆಯ ಪ್ರಕಾರ ಅವರು ಬಂದದ್ದು ಇಂದಿನ ವಿಯೆಟ್ನಾಮಿನ ಭಾಗವಾಗಿರುವ ಚಂಪಾ ರಾಜ್ಯದಿಂದ. ಅವರ ತಾಯಿ ಅಲ್ಲಿನ ರಾಜಕುಮಾರಿ, ತಾಯಿಯ ಸೋದರಿ ಆಗ ಜಾವಾವನ್ನು ಆಳುತ್ತಿದ್ದ ಮಜಪಾಹಿತ್ ರಾಜ್ಯದ ದೊರೆಯ ರಾಣಿ. ಚಿಕ್ಕಮ್ಮನ ಬೆನ್ನು ಹಿಡಿದು ಬಂದ ಹುಡುಗ ತೂಬಾನ್ ಪ್ರಾಂತದ ಅಧಿಪತಿಯ ಮಗಳನ್ನು ಮದುವೆಯಾಗಿ ಇಲ್ಲಿಯೇ ನೆಲೆ ನಿಂತರು. 1421ರಲ್ಲಿ ಕಟ್ಟಿದ್ದೆಂದು ಹೇಳುವ ಅವರ ಮಸೀದಿಯನ್ನು 16 ತೇಗದ ಕಂಬಗಳು ಹೊತ್ತಿವೆ. ಅದರ ಹಳೆಯ ಭಾಗದ ಮೇಲೆ ಕುಳಿತಿರುವುದು ಗುಮ್ಮಟವಲ್ಲ, ಜಾವಾದ ಪದ್ಧತಿಯ ಅಂತಸ್ತಿನ ಚಾವಣಿ. ಪಕ್ಕದಲ್ಲಿ ಮಸೀದಿಯ ಕಸ ಗುಡಿಸುತ್ತಿದ್ದ ಎಂಬಾಹ್ ಸೋಲೆಹ್ ಎಂಬ ಅಜ್ಜನಿಗೆ ಸಾಲಾಗಿ ಒಂಬತ್ತು ಗೋರಿಗಳಿವೆ. ಅಜ್ಜ ಸತ್ತ ಮೇಲೆ ಮಸೀದಿ ಕೊಳಕಾಯಿತಂತೆ, "ಸೋಲೆಹ್ ಇದ್ದಿದ್ದರೆ ಹೀಗಾಗುತ್ತಿರಲಿಲ್ಲ" ಎಂದು ಸುನಾನರು ನಿಟ್ಟುಸಿರಿಟ್ಟರಂತೆ, ಆತ ಎದ್ದು ಬಂದು ಪೊರಕೆ ಹಿಡಿದನಂತೆ. ಹೀಗೆ ಒಂಬತ್ತು ಬಾರಿ. ಸಾವಿನಿಂದಲೂ ನಿವೃತ್ತಿ ಸಿಗದ ಆ ಅಜ್ಜನ ಕಥೆಯಲ್ಲಿ ಮರುಭೂಮಿಯ ಮರಳಿನ ಒಂದು ಕಣವಾದರೂ ಇದೆಯೇ?

ಹಾಗಾದರೆ ಅರಬ್ಬರು ಎಲ್ಲಿಂದ ಬಂದರು ಎಂದು ಕೇಳುತ್ತೀರಿ. ಬಹುಪಾಲು ಜನ ಬಂದದ್ದು ಇಂದಿನ ಯೆಮೆನ್‌ನ ಹದ್ರಮೌತ್ ಕಣಿವೆಯಿಂದ, ತರೀಮ್, ಸೈವೂನ್, ಶಿಬಾಮ್‌ನಂತಹ ಊರುಗಳಿಂದ. ವಲಸೆ ಮೊದಲೇ ಇತ್ತಾದರೂ 1869ರಲ್ಲಿ ಸೂಯೆಜ್ ಕಾಲುವೆ ತೆರೆದು ಉಗಿ ಹಡಗುಗಳ ಓಡಾಟ ಹೆಚ್ಚಿದ ಮೇಲೆ ಅದು ಬಿರುಸಾಯಿತು. ಗಮನಿಸಬೇಕಾದ ಸಂಗತಿಯೆಂದರೆ, ಹಡಗು ಹತ್ತಿ ಬಂದವರಲ್ಲಿ ಹೆಚ್ಚುಕಡಿಮೆ ಎಲ್ಲರೂ ಗಂಡಸರು. ಹೆಂಗಸರು ಕಣಿವೆಯಲ್ಲಿಯೇ ಉಳಿದರು. ಬಂದವರು ಜಾವಾದ, ಪಕ್ಕದ ಮದುರಾ ದ್ವೀಪದ ಹೆಣ್ಣುಮಕ್ಕಳನ್ನು, ಅಥವಾ ಅಂತಹ ತಾಯಂದಿರಿಗೆ ಹುಟ್ಟಿದ ಹೆಣ್ಣುಮಕ್ಕಳನ್ನು ಮದುವೆಯಾದರು. ಮಕ್ಕಳಿಗೆ ಅಪ್ಪ ಕೊಟ್ಟದ್ದು ಮನೆತನದ ಹೆಸರು ಮತ್ತು ವಂಶಾವಳಿ. ಅಮ್ಮ ಕೊಟ್ಟದ್ದು ಮಾತು, ಊಟ, ಜೋಗುಳ, ನೆರೆಹೊರೆ. ಇಂದಿಗೂ ಇಂಡೋನೇಷ್ಯಾದ ಅರಬ್ ವಂಶಸ್ಥರು ಆ ನೆಲದ ಮೂಲನಿವಾಸಿಗಳನ್ನು ಏನೆಂದು ಕರೆಯುತ್ತಾರೆ ಗೊತ್ತೇ? ಅಖ್ವಾಲ್ ಎಂದು. ಅಖ್ವಾಲ್ ಎಂದರೆ ಅರಬ್ಬಿಯಲ್ಲಿ ತಾಯಿಯ ಅಣ್ಣತಮ್ಮಂದಿರು, ಸೋದರಮಾವಂದಿರು. ಒಂದು ಇಡೀ ಜನಾಂಗವನ್ನು ಮಾವ ಎಂದು ಕರೆಯುವವರ ಕೇರಿ ಅದು. ಸೋದರಮಾವನ ಸ್ಥಾನವೇನೆಂದು ಕನ್ನಡಿಗರಿಗೆ ನಾನು ಬಿಡಿಸಿ ಹೇಳಬೇಕಾಗಿಲ್ಲ. ಮದುವೆಯ ಮನೆಯಲ್ಲಿ ಆತನನ್ನು ಮರೆತರೆ ಏನಾಗುತ್ತದೆಂದು ನೀವು ನೋಡಿದ್ದೀರಿ.

ಇಷ್ಟು ಬೆರೆತವರು ಬೇರೆ ಕೇರಿಯಲ್ಲಿ ಏಕಿದ್ದರು ಎಂಬ ಪ್ರಶ್ನೆಗೆ ಉತ್ತರ ಡಚ್ಚರ ಕಡತದಲ್ಲಿದೆ. ವಸಾಹತು ಸರ್ಕಾರ ಜನರನ್ನು ಯುರೋಪಿಯನ್ನರು, ಸ್ಥಳೀಯರು, ಪರಕೀಯ ಪೌರಸ್ತ್ಯರು ಎಂದು ಮೂರು ಗೂಡುಗಳಲ್ಲಿ ತುಂಬಿತು. ಚೀನೀಯರೂ ಅರಬ್ಬರೂ ಮೂರನೆಯ ಗೂಡಿಗೆ ಬಿದ್ದರು. 1835ರ ಕೇರಿ ಪದ್ಧತಿಯ ಪ್ರಕಾರ ಅವರು ತಮಗೆ ಗೊತ್ತುಮಾಡಿದ ಭಾಗದಲ್ಲಿಯೇ ವಾಸಿಸಬೇಕಾಗಿತ್ತು, ಇನ್ನೊಂದು ನಿಯಮದಂತೆ ಊರು ಬಿಟ್ಟು ಹೋಗಬೇಕಾದರೆ ರಹದಾರಿ ಪಡೆಯಬೇಕಾಗಿತ್ತು, ಮೇಲೆ ಕಪಿತಾನನೆಂಬ ಮುಖ್ಯಸ್ಥ ಬೇರೆ. ಸುರಬಾಯದಲ್ಲಿ ಕಲಿ ಮಾಸ್ ನದಿಯ ಪಶ್ಚಿಮಕ್ಕೆ ಬಿಳಿಯರು, ಪೂರ್ವಕ್ಕೆ ಚೀನೀಯರು, ಅವರ ಉತ್ತರಕ್ಕೆ ಅರಬ್ಬರು ಎಂದು ನಕ್ಷೆಯನ್ನು ಗೆರೆ ಎಳೆದಂತೆ ಹಂಚಲಾಯಿತು. ಅಷ್ಟೇ ಅಲ್ಲ, 1872ರ ಪೊಲೀಸ್ ನಿಯಮವೊಂದು ತನ್ನ ಜನಾಂಗದ್ದಲ್ಲದ ಉಡುಪಿನಲ್ಲಿ ಬೀದಿಗೆ ಬರುವುದನ್ನೇ ಅಪರಾಧವೆಂದಿತು. ಅರಬ್ಬನು ಅರಬ್ಬನಂತೆಯೇ ಕಾಣಬೇಕೆಂಬುದು ಅವನ ಹಟವಾಗಿರಲಿಲ್ಲ, ಸರ್ಕಾರದ ಕಾನೂನಾಗಿತ್ತು. ಈ ನಿರ್ಬಂಧಗಳು ಸಡಿಲಗೊಂಡದ್ದು 20ನೆಯ ಶತಮಾನದ ಎರಡನೆಯ ದಶಕದಲ್ಲಿ. ನಮ್ಮ ಮಹನೀಯರು "ಅರೇಬಿಯಾದ ತುಂಡು" ಎಂದು ಮೆಚ್ಚಿಕೊಳ್ಳುತ್ತಿರುವುದು ಡಚ್ ಪೊಲೀಸರ ಕೈಕೆಲಸವನ್ನು.

ಆಂಪೆಲ್‌ನಲ್ಲಿಯೇ 1908ರಲ್ಲಿ ಹುಟ್ಟಿದ ಪತ್ರಕರ್ತ ಅಬ್ದುರ್ರಹಮಾನ್ ಬಾಸ್ವೆದಾನ್ ಇದಕ್ಕೆ ಕೊಟ್ಟ ಉತ್ತರ ನನ್ನ ಉತ್ತರಕ್ಕಿಂತ ಸೊಗಸಾಗಿದೆ. 1934ರ ಆಗಸ್ಟ್‌ನಲ್ಲಿ ಸೆಮರಾಂಗಿನ ಮಾತಾಹಾರಿ ಪತ್ರಿಕೆಯಲ್ಲಿ ಅವರು ತಮ್ಮ ಚಿತ್ರವನ್ನು ಪ್ರಕಟಿಸಿದರು: ತಲೆಗೆ ಜಾವಾದ ಬ್ಲಾಂಕೊನ್ ಪೇಟ, ಮೈಮೇಲೆ ಜಾವಾದ ಅಂಗಿ. ಅರಬ್ ವಂಶಸ್ಥರಿಗೆ ತಾವು ಹುಟ್ಟಿದ ನೆಲವೇ ತಾಯ್ನಾಡು ಎಂಬುದು ಜೊತೆಗಿದ್ದ ಲೇಖನದ ತಿರುಳು. ಅದೇ ವರ್ಷದ ಅಕ್ಟೋಬರ್‌ನಲ್ಲಿ ಸೆಮರಾಂಗಿನಲ್ಲಿ ಸೇರಿದ ಅರಬ್ ತರುಣರು ತಮ್ಮ ತಾಯ್ನಾಡು ಇಂಡೋನೇಷ್ಯಾ, ಪ್ರತ್ಯೇಕವಾಗಿ ಬದುಕುವುದನ್ನು ಬಿಡುತ್ತೇವೆ ಎಂದು ಪ್ರತಿಜ್ಞೆ ಮಾಡಿದರು. 1947ರಲ್ಲಿ ಈಜಿಪ್ಟ್ ಇಂಡೋನೇಷ್ಯಾದ ಹೊಸ ಗಣರಾಜ್ಯಕ್ಕೆ ಕೊಟ್ಟ ಮನ್ನಣೆಯ ಪತ್ರವನ್ನು ಕಾಲುಚೀಲದಲ್ಲಿ ಅಡಗಿಸಿ ತಂದವರು ಇದೇ ಬಾಸ್ವೆದಾನ್ ಎಂದು ಹೇಳುತ್ತಾರೆ. 2018ರಲ್ಲಿ ಅವರನ್ನು ರಾಷ್ಟ್ರವೀರರೆಂದು ಘೋಷಿಸಲಾಯಿತು. ಅರೇಬಿಯಾದ ತುಂಡಿನಲ್ಲಿ ಇಂಡೋನೇಷ್ಯಾದ ರಾಷ್ಟ್ರವೀರ ಹುಟ್ಟಿದ್ದು ಹೇಗೆ, ಸ್ವಾಮಿ?

"ಪ್ರವಾದಿಯ ವಂಶಸ್ಥರೆನ್ನುವ ಸಯ್ಯದ್ ಮನೆತನದವರು ಹೆಣ್ಣುಮಕ್ಕಳನ್ನು ಹೊರಗೆ ಕೊಡುತ್ತಿರಲಿಲ್ಲವಲ್ಲ" ಎಂದು ಇನ್ನೊಬ್ಬರು ಪಾಟೀಸವಾಲು ಹಾಕಿದ್ದಾರೆ. ಕೊಡುತ್ತಿರಲಿಲ್ಲ, ನಿಜ. ಆ ಜಗಳದಿಂದಲೇ 1914ರಲ್ಲಿ ಸುಡಾನಿನ ಅಹ್ಮದ್ ಸುರ್ಕತಿಯವರ ನೇತೃತ್ವದಲ್ಲಿ ಅಲ್ ಇರ್ಷಾದ್ ಎಂಬ ಸುಧಾರಕ ಸಂಸ್ಥೆ ಹುಟ್ಟಿತು, ಅದೂ ನಿಜ. ಆದರೆ ಹೆಣ್ಣು ಕೊಡದವರೂ ಹೆಣ್ಣು ತಂದಿದ್ದರು. ತಂದ ಮೇಲೆ ಮನೆಯಲ್ಲಿ ಮಾವನಿಗೂ ಒಂದು ಕುರ್ಚಿ ಹಾಕಲೇಬೇಕಾಯಿತು. ಮುಂದಿನ ಪ್ರಶ್ನೆ. "ಮೂಗು ನೋಡಿ, ಎತ್ತರ ನೋಡಿ" ಎಂದವರಿಗೆ ನನ್ನ ಉತ್ತರವಿಲ್ಲ. ಮೂಗಿನ ಅಳತೆ ತೆಗೆದುಕೊಳ್ಳುವ ಚಾನೆಲ್ ಇದಲ್ಲ. ಇತಿಹಾಸ ಬೇಕಾದವರು ದಯವಿಟ್ಟು ಚಂದಾದಾರರಾಗಿ, ಪಕ್ಕದ ಗಂಟೆಯನ್ನೂ ಒತ್ತಿ.

ಊಟದ ವಿಷಯವನ್ನು ಬೇಗ ಮುಗಿಸುತ್ತೇನೆ, ಏಕೆಂದರೆ ಹಸಿವಾಗುತ್ತಿದೆ. ಕುರಿಮಾಂಸದ ಸಾರಿನಲ್ಲಿ ತುಪ್ಪ ಹಾಕಿ ಬೇಯಿಸಿದ ನಾಸಿ ಕೆಬೂಲಿ ಅನ್ನದ ಪಕ್ಕದಲ್ಲಿ ಬಡಿಸುವ ಉಪ್ಪಿನಕಾಯಿಗೆ ಹೆಸರು ಅಚಾರ್. ರೊಟಿ ಮರ್ಯಮ್ ಎಂದು ತಂದಿಟ್ಟದ್ದನ್ನು ಪದರು ಪದರಾಗಿ ಬಿಡಿಸಿದರೆ ನಮ್ಮ ಪರೋಟಾ. ಸಂಗೀತವೂ ಹಾಗೆಯೇ: ಗಂಬುಸ್ ಎಂಬ ತಂತಿವಾದ್ಯದ ಹಾಡುಗಳಿಂದ ಹೆಸರಾದ ಸುರಬಾಯದ ಶೇಖ್ ಅಲ್ಬಾರ್ ಅವರ ಮಗ ಅಹ್ಮದ್ ಅಲ್ಬಾರ್ ಇಂಡೋನೇಷ್ಯಾದ ರಾಕ್ ಸಂಗೀತದ ದೊಡ್ಡ ಹೆಸರು. ಅಪ್ಪನ ಕೈಯಲ್ಲಿ ಗಂಬುಸ್, ಮಗನ ಹಿಂದೆ ವಿದ್ಯುತ್ ಗಿಟಾರು. ಇದರಲ್ಲಿ ಯಾವುದು ಅರೇಬಿಯಾ ಎಂದು ಆ ಮಹನೀಯರೇ ಕತ್ತರಿಸಿ ತೋರಿಸಲಿ.

"ಅಲ್ಲಿನವರೇ ಕಂಪುಂಗ್ ಅರಬ್, ಅಂದರೆ ಅರಬ್ ಕೇರಿ, ಎನ್ನುತ್ತಾರೆ, ಪ್ರವಾಸಿ ಫಲಕಗಳಲ್ಲಿಯೂ ಹಾಗೆಯೇ ಇದೆ" ಎಂದೂ ಬರೆದಿದ್ದೀರಿ. ಫಲಕ ಓದಿ ಇತಿಹಾಸ ಬರೆಯುವುದಾದರೆ ನಾನೇಕೆ ಈ ಕ್ಯಾಮೆರಾ ಮುಂದೆ ಕುಳಿತು ಬೆವರುತ್ತಿದ್ದೇನೆ? ಮತ್ತೊಮ್ಮೆ ಹೇಳುತ್ತೇನೆ, ಈ ಬಾರಿ ಧ್ವನಿ ಏರಿಸಿಯೇ ಹೇಳುತ್ತೇನೆ: ಅದು ಸೋದರಮಾವನ ಊರು. ಅರಬ್ಬೀ ಹೆಸರಿದ್ದರೂ ಸೋದರಮಾವನ ಊರು, ಅತ್ತರಿನ ವಾಸನೆ ಬಂದರೂ ಸೋದರಮಾವನ ಊರು, ಇನ್ನೂ ನೂರು ಜನ ಮೆಚ್ಚುಗೆ ಒತ್ತಿದರೂ ಸೋದರಮಾವನ ಊರು. ಕಾರಣಗಳು ಇನ್ನೂ ಮೂರು ಪುಟ ಬರೆದಿಟ್ಟಿದ್ದೆ. ಹಾಳೆ ಎಲ್ಲಿಟ್ಟೆನೋ ಸಿಗುತ್ತಿಲ್ಲ, ಅವಿಲ್ಲದೆಯೂ ನಾನು ಹೇಳಿದ್ದೇ ಸರಿ. ಮುಂದಿನ ವಾರ ಸೋಲೋ ನಗರದ ಪಸಾರ್ ಕ್ಲಿವೊನ್ ಎಂಬ ಅರಬ್ ಕೇರಿಗೆ ಹೋಗೋಣ. ಆ ಮಹನೀಯರ ಅಭಿಪ್ರಾಯವನ್ನು ನಾನು ಅಳಿಸಿಲ್ಲ, ಎಲ್ಲಕ್ಕಿಂತ ಮೇಲೆ ಪಿನ್ ಮಾಡಿ, ಅದರ ಕೆಳಗೆ ಐದು ಬಾಗಿಲುಗಳ ಹೆಸರನ್ನು ಅರ್ಥಸಹಿತ ಬರೆದಿದ್ದೇನೆ. ಯಾವುದಾದರೂ ಒಂದರಿಂದ ಅವರು ಒಳಗೆ ಬರಲಿ.