ಐವತ್ತೆರಡು ವರ್ಷಕ್ಕೊಮ್ಮೆ ಒಲೆ ಆರಿಸಿ ಕಾದವರು

ನಮಸ್ಕಾರ. ಒಂದಾನೊಂದು ನಗರ ತನ್ನ ಎಲ್ಲ ಒಲೆಗಳನ್ನೂ ತಾನಾಗಿಯೇ ಆರಿಸಿ, ನಾಳೆ ಸೂರ್ಯ ಹುಟ್ಟುತ್ತಾನೋ ಇಲ್ಲವೋ ಎಂದು ಮಾಳಿಗೆಗಳ ಮೇಲೆ ಕತ್ತಲಲ್ಲಿ ಕಾಯುತ್ತಿತ್ತು. ಇಂದಿನ ಮೆಕ್ಸಿಕೋ ನಗರದ ಅಡಿಯಲ್ಲಿ ಹುದುಗಿರುವ ತೆನೋಚ್ತಿತ್ಲಾನ್ ಆ ನಗರ. ನಾವು ಆಜ್ಟೆಕರೆಂದು ಕರೆಯುವ ಜನರು ಅಲ್ಲಿದ್ದವರು. ಹೀಗೆ ಕಾದ ಕೊನೆಯ ರಾತ್ರಿ 1507ನೆಯ ಇಸವಿಯದು. ಆ ಭಯಕ್ಕೆ ಗ್ರಹಣವಾಗಲಿ ಧೂಮಕೇತುವಾಗಲಿ ಕಾರಣವಾಗಿರಲಿಲ್ಲ. ಹಾಗಾದರೆ ಅವರು ಆಕಾಶದಲ್ಲಿ ಏನನ್ನು ಎದುರುನೋಡುತ್ತಿದ್ದರು?

ಲೆಕ್ಕವನ್ನು ಬೇಗನೆ ಮುಗಿಸೋಣ. ಅವರಿಗೆ ಎರಡು ಪಂಚಾಂಗಗಳಿದ್ದವು. ಒಂದರಲ್ಲಿ 20 ದಿನನಾಮಗಳು 13 ಅಂಕಿಗಳೊಡನೆ ಸುತ್ತುತ್ತ 260 ದಿನಗಳಾಗುತ್ತಿದ್ದವು. ಇನ್ನೊಂದರಲ್ಲಿ 20 ದಿನಗಳ 18 ತಿಂಗಳು, ಕೊನೆಗೆ ಅಶುಭವಾದ ಐದು ದಿನ, ಒಟ್ಟು 365. ಒಟ್ಟಿಗೆ ಹೊರಟ ಈ ಎರಡು ಚಕ್ರಗಳು ಮತ್ತೆ ಅದೇ ಜಾಗದಲ್ಲಿ ಸೇರಲು 18,980 ದಿನಗಳು, ಅಂದರೆ ಸರಿಯಾಗಿ 52 ವರ್ಷ ಬೇಕು. ಆ ಸೇರುವಿಕೆಗೆ ನಾವಾತ್ಲ್ ಭಾಷೆಯಲ್ಲಿ 'ವರ್ಷಗಳ ಕಟ್ಟು' ಎಂಬರ್ಥದ ಹೆಸರಿತ್ತು.

ನನಗೆ ಅತ್ಯಂತ ಪ್ರಿಯವಾದ ಸಂಗತಿ ಇಲ್ಲಿದೆ. ಇದಕ್ಕೆ ತುಸು ಹೆಚ್ಚು ಸಮಯ ಕೊಡುತ್ತೇನೆ. ನಮ್ಮಲ್ಲಿ ಸಂಕಷ್ಟಿ ತಿಂಗಳಿಗೊಮ್ಮೆ ಬರುತ್ತದೆ, ಮಂಗಳವಾರ ವಾರಕ್ಕೊಮ್ಮೆ ಬರುತ್ತದೆ. ಎರಡೂ ಕೂಡಿದಾಗ ಅದು ಅಂಗಾರಕ ಸಂಕಷ್ಟಿಯಾಗಿ, ಗಣಪತಿ ಗುಡಿಯ ಮುಂದಿನ ಸಾಲು ಬೀದಿಯವರೆಗೆ ಬೆಳೆಯುತ್ತದೆ. ಚೌತಿಯನ್ನು ಚಂದ್ರನಲ್ಲಿ ಕಾಣಬಹುದು, ಆದರೆ ಮಂಗಳವಾರವನ್ನು ಆಕಾಶದಲ್ಲಿ ಎಲ್ಲಿ ಹುಡುಕಿದರೂ ಸಿಗದು. ಅದು ಮನುಷ್ಯರು ಏಳೇಳಾಗಿ ಎಣಿಸುತ್ತ ಬಂದ ದಿನ. ಆದರೂ ಆ ದಿನದ ಭಕ್ತಿ ನಿಜವಾದದ್ದು. ಆಜ್ಟೆಕರ 52 ವರ್ಷವೂ ಇಂಥದೇ ಕೂಡುವಿಕೆ: ಅದನ್ನು ಹುಟ್ಟಿಸಿದ್ದು ಎಣಿಕೆ.

ಕೃತ್ತಿಕೆಯ ಕಥೆ ಕೇಳಿದರೆ ಇದು ಇನ್ನೂ ಸ್ಪಷ್ಟವಾಗುತ್ತದೆ. ಆ ರಾತ್ರಿ ಅರ್ಚಕರು ಊರ ಹೊರಗಿನ ಬೆಟ್ಟವೊಂದನ್ನೇರಿ, ಕೃತ್ತಿಕಾ ನಕ್ಷತ್ರಪುಂಜ ನಡುರಾತ್ರಿಯಲ್ಲಿ ನಡುನೆತ್ತಿಗೆ ಬರುವುದನ್ನು ನೋಡುತ್ತಿದ್ದರು. ಅದು ನೆತ್ತಿಯನ್ನು ದಾಟಿ ಮುಂದೆ ಸರಿದರೆ ಆಕಾಶ ನಿಂತಿಲ್ಲವೆಂದೂ ಲೋಕಕ್ಕೆ ಇನ್ನೊಂದು ಕಟ್ಟು ವರ್ಷಗಳು ದೊರೆತವೆಂದೂ ತಿಳಿಯುತ್ತಿದ್ದರು. ಆದರೆ ಕೃತ್ತಿಕೆ ನಡುರಾತ್ರಿಯಲ್ಲಿ ನೆತ್ತಿಗೇರುವುದು ಪ್ರತಿವರ್ಷವೂ ನಡೆಯುತ್ತದೆ! ಉಳಿದ 51 ವರ್ಷ ಅದೇ ನಕ್ಷತ್ರಗಳು ಅದೇ ದಾರಿಯಲ್ಲಿ ದಾಟಿದಾಗ ಯಾರೂ ಒಲೆ ಆರಿಸಲಿಲ್ಲ.

ಭಯಕ್ಕೆ ಪುರಾಣದ ಬೆಂಬಲವೂ ಇತ್ತು. ಈಗಿನ ಲೋಕಕ್ಕೆ ಮುಂಚೆ ನಾಲ್ಕು ಸೂರ್ಯರು ಹುಟ್ಟಿ ನಾಶವಾದರೆಂದು ಅವರು ನಂಬಿದ್ದರು. 1558ರಲ್ಲಿ ನಾವಾತ್ಲ್ ಭಾಷೆಯಲ್ಲಿ ಬರೆದ ಒಂದು ಹಸ್ತಪ್ರತಿ ಆ ಸೂರ್ಯರ ಆಯುಷ್ಯವನ್ನು 676, 364, 312 ಮತ್ತು 676 ವರ್ಷಗಳೆಂದು ಹೇಳುತ್ತದೆ. ಪ್ರತಿಯೊಂದನ್ನೂ 52ರಿಂದ ಭಾಗಿಸಿ ನೋಡಿ, ಶೇಷ ಉಳಿಯುವುದಿಲ್ಲ. ಹಿಂದಿನ ಎಲ್ಲ ಲೋಕಗಳೂ ಕಟ್ಟು ಮುಗಿದಾಗಲೇ ಮುಗಿದಿದ್ದವು ಎಂದಮೇಲೆ ಐದನೆಯ ಸೂರ್ಯನ ಮಕ್ಕಳು ನಿಶ್ಚಿಂತೆಯಿಂದ ಮಲಗುವುದು ಹೇಗೆ?

ಅವರು ಮಲಗುತ್ತಲೂ ಇರಲಿಲ್ಲ. ಸ್ಪೇನಿನ ಪಾದ್ರಿ ಬೆರ್ನಾರ್ದಿನೊ ದೆ ಸಾಆಗೂನ್ ದಾಖಲಿಸಿದಂತೆ, ಜನರು ಮನೆದೇವರ ಮೂರ್ತಿಗಳನ್ನೂ ಒಲೆಗುಂಡುಗಳನ್ನೂ ನೀರಿಗೆ ಎಸೆಯುತ್ತಿದ್ದರು. ಬಸುರಿಯರು ಮೃಗಗಳಾಗಿಬಿಟ್ಟಾರೆಂಬ ಭಯದಿಂದ ಅವರ ಮುಖಕ್ಕೆ ಕತ್ತಾಳೆ ಎಲೆಯ ಮುಖವಾಡ ತೊಡಿಸಿ ಕಣಜದಲ್ಲಿ ಕೂರಿಸುತ್ತಿದ್ದರು. ನಿದ್ದೆಹೋದ ಮಕ್ಕಳು ಇಲಿಗಳಾಗುತ್ತಾರೆಂದು ಅವರನ್ನು ತಿವಿದು ತಿವಿದು ಎಚ್ಚರವಿಡುತ್ತಿದ್ದರು. ಕೃತ್ತಿಕೆ ದಾಟಿದೊಡನೆ ಬೆಟ್ಟದ ಮೇಲೆ ಒಬ್ಬ ಸೆರೆಯಾಳಿನ ಎದೆಯ ಮೇಲೆ ಅರಣಿಯನ್ನು ಕಡೆದು ಬೆಂಕಿ ಹುಟ್ಟಿಸಿ, ಅವನ ಹೃದಯವನ್ನು ಕಿತ್ತು ಅದಕ್ಕೆ ಅರ್ಪಿಸುತ್ತಿದ್ದರು. ಈ ಭಾಗವನ್ನು ಮೃದುಗೊಳಿಸಿ ಹೇಳುವುದು ಆ ಸೆರೆಯಾಳಿಗೆ ಮಾಡುವ ಅನ್ಯಾಯವೆಂದು ನಾನು ಭಾವಿಸುತ್ತೇನೆ. ಅಲ್ಲಿಂದ ಪಂಜುಗಳು ಮಹಾದೇಗುಲಕ್ಕೆ, ದೇಗುಲದಿಂದ ಕೇರಿಗಳಿಗೆ, ಕೇರಿಯಿಂದ ಮನೆಮನೆಯ ಒಲೆಗೆ ಓಡುತ್ತಿದ್ದವು.

ಸಮಯ ಕಡಿಮೆ ಇರುವುದರಿಂದ ಎರಡು ಸಂಗತಿಗಳನ್ನು ಒಟ್ಟಿಗೇ ಹೇಳುತ್ತೇನೆ. ಎರಡು ಕಟ್ಟುಗಳು ಸೇರಿದ 104 ವರ್ಷಗಳಲ್ಲಿ ಶುಕ್ರಗ್ರಹದ 584 ದಿನಗಳ ಸುತ್ತುಗಳೂ 65 ಬಾರಿ ತುಂಬಿ, ಮೂರು ಲೆಕ್ಕಗಳು ಒಂದಾಗುತ್ತಿದ್ದವು. 52 ಜೊಂಡುಗಳ ಕಟ್ಟನ್ನು ಕಲ್ಲಿನಲ್ಲಿ ಕೆತ್ತಿ ಹೂಳುವ ರೂಢಿಯೂ ಇತ್ತು. ಅಂಥ ಕಲ್ಲುಗಳು ಇಂದಿಗೂ ಉಳಿದಿವೆ.

1507ರ ನಂತರದ ಬೆಂಕಿ 1559ರಲ್ಲಿ ಹುಟ್ಟಬೇಕಿತ್ತು. ತೆನೋಚ್ತಿತ್ಲಾನ್ 1521ರಲ್ಲೇ ಸ್ಪೇನಿನವರ ವಶವಾಗಿತ್ತು. ಸರಿಸುಮಾರು ಆ 1559ರ ಹೊತ್ತಿನಲ್ಲೇ ತೆಪೆಪುಲ್ಕೊ ಎಂಬ ಊರಿನಲ್ಲಿ ಸಾಆಗೂನ್ ಹಿರಿಯರನ್ನು ಕೂರಿಸಿಕೊಂಡು ಅವರ ಹಳೆಯ ಆಚರಣೆಗಳನ್ನು ಒಂದೊಂದಾಗಿ ಕೇಳಿ ಬರೆಸಿಕೊಳ್ಳುತ್ತಿದ್ದರು. ಕೃತ್ತಿಕೆ ಆ ವರ್ಷವೂ ನಡುರಾತ್ರಿಯಲ್ಲಿ ನೆತ್ತಿಯನ್ನು ದಾಟಿತು; ಬೆಟ್ಟದ ಮೇಲೆ ಯಾರೂ ಅರಣಿ ಕಡೆಯಲಿಲ್ಲ.