ಟಿವಿ ಎಷ್ಟೆತ್ತರಕ್ಕೆ ಇರಬೇಕು? ಗೋಡೆಗೆ ತೂತು ಹೊಡೆಯೋ ಮುಂಚೆ ಚಾಪೆ ಮೇಲೆ ಕೂತು ನೋಡಿ

[ದೃಶ್ಯ: ಖಾಲಿ ಗೋಡೆ. ಪೆನ್ಸಿಲ್ ಗುರುತು. ಡ್ರಿಲ್ ಹಿಡಿದ ಕೈ.]

ಹೊಸ ಟಿವಿ ಬಂದಿದೆ. ಫಿಟ್ ಮಾಡೋ ಹುಡುಗ ಗೋಡೆ ಮುಂದೆ ನಿಂತು "ಸಾರ್, ಇಷ್ಟೆತ್ತರ ಸಾಕಾ?" ಅಂತ ಕೇಳ್ತಾನೆ. ಮನೆಯವರೂ ನಿಂತೇ ಇರ್ತಾರೆ. "ಇನ್ನೊಂಚೂರು ಮೇಲೆ ಇರ್ಲಿ ಅಣ್ಣ, ಮಕ್ಕಳು ಮುಟ್ತಾರೆ." ಐದಡಿಗೆ ಗುರುತು ಬೀಳುತ್ತೆ, ಕೆಲಸ ಮುಗೀತು. ನಿಂತವರ ಕಣ್ಣಿಗೆ ಅದು ಸರಿಯಾದ ಎತ್ತರವೇ. ಆದ್ರೆ ಮನೇಲಿ ನಿಂತ್ಕೊಂಡು ಟಿವಿ ನೋಡೋರು ಯಾರು?

ತುಮಕೂರಿನ ಬಿ.ಎಚ್. ರಸ್ತೆ ಹೋಟೆಲ್‌ಗಳಲ್ಲಿ ಟಿವಿ ಏಳಡಿ ಮೇಲಿದ್ರೆ ಅದಕ್ಕೊಂದು ಕಾರಣ ಇರುತ್ತೆ: ಜನ ಮುಂದೆ ಓಡಾಡ್ತಿರ್ತಾರೆ, ನೋಡೋರು ದೂರದಲ್ಲಿರ್ತಾರೆ, ಕಾಫಿ ಮುಗಿಯೋವರೆಗೆ ನೋಡಿ ಎದ್ದು ಹೋಗ್ತಾರೆ. ಮನೆ ಹಾಲ್‌ನಲ್ಲಿ ಎರಡು ಗಂಟೆ ಸಿನಿಮಾ ನೋಡೋರಿಗೆ ಆ ಅಳತೆ ಆಗಿಬರಲ್ಲ. ಕತ್ತು ನೋವು ಎಲ್ಲರಿಗೂ ಗೊತ್ತಿರೋದೇ. ಇನ್ನೊಂದು ತೊಂದರೆ ಇದೆ. ಮೇಲಕ್ಕೆ ನೋಡುವಾಗ ರೆಪ್ಪೆ ಜಾಸ್ತಿ ತೆರೆದಿರುತ್ತೆ, ಕಣ್ಣು ಬೇಗ ಒಣಗುತ್ತೆ. ಕೆಲವು ಎಲ್ಇಡಿ ಪ್ಯಾನೆಲ್‌ಗಳಲ್ಲಿ ಕೆಳಗಿಂದ ನೋಡಿದ್ರೆ ಕಪ್ಪು ಬಣ್ಣ ಬೂದಿಯಾಗಿ ಕಾಣುತ್ತೆ. ಎಷ್ಟೋ ಜನ ಇದನ್ನ ಟಿವಿ ಡಿಫೆಕ್ಟ್ ಅಂದ್ಕೊಂಡು ಕಂಪ್ಲೇಂಟ್ ಕೊಡ್ತಾರೆ.

[ದೃಶ್ಯ: ಸೋಫಾ ಮೇಲೆ ಕೂತವರ ಪಕ್ಕ ನೆಲದಿಂದ ಕಣ್ಣಿನವರೆಗೆ ಟೇಪು]

ಮೊದಲ ಅಳತೆ ಕಣ್ಣಿನ ಎತ್ತರ. ದಿನಾ ಹೇಗೆ ಕೂರ್ತೀರೋ ಹಾಗೇ ಕೂರಿ. ಅಳತೆ ತಗೊಳ್ತಿದಾರೆ ಅಂತ ಸೆಟೆದು ಕೂರಬೇಡಿ. ಇನ್ನೊಬ್ಬರು ನೆಲದಿಂದ ಕಣ್ಣಿನವರೆಗೆ ಟೇಪು ಹಿಡೀಲಿ. ಸಾಮಾನ್ಯ ಸೋಫಾದಲ್ಲಿ 40ರಿಂದ 43 ಇಂಚು ಬರುತ್ತೆ. ಪ್ಲಾಸ್ಟಿಕ್ ಕುರ್ಚಿಯಲ್ಲಿ ಬೆನ್ನು ನೆಟ್ಟಗಿರೋದ್ರಿಂದ ಒಂದೆರಡು ಇಂಚು ಜಾಸ್ತಿ. ಚಾಪೆ ಮೇಲೆ ಚಕ್ಕಳಮಕ್ಕಳ ಹಾಕಿ ಕೂತವರಿಗೆ 28 ಇಂಚು ಆಸುಪಾಸು.

ಈ ಚಾಪೆ ಅಳತೆಯನ್ನ ಎಲ್ಲರೂ ಬಿಟ್ಟುಬಿಡ್ತಾರೆ. ಇಂಟರ್ನೆಟ್‌ನಲ್ಲಿ ಸಿಗೋ ಎತ್ತರದ ಪಟ್ಟಿಗಳು ಹೆಚ್ಚಾಗಿ ಸೋಫಾ ಲೆಕ್ಕದವು. ನಮ್ಮ ಕಡೆ ಸೋಫಾ ಇದ್ರೂ ಅರ್ಧ ಮನೆ ನೆಲದ ಮೇಲೇ ಇರುತ್ತೆ. ಅವರೆಕಾಯಿ ಕಾಲ ಬಂತು ಅಂದ್ರೆ ಮೊರ ಮುಂದಿಟ್ಕೊಂಡು ಸುಲಿಯೋರೆಲ್ಲ ಟಿವಿ ಮುಂದೆ ನೆಲದಲ್ಲೇ. ಅವರ ಕಣ್ಣು ಮೊರದಿಂದ ಟಿವಿಗೆ, ಟಿವಿಯಿಂದ ಮೊರಕ್ಕೆ ಓಡಾಡ್ತಾನೇ ಇರುತ್ತೆ. ಟಿವಿ ಮೇಲಿದ್ದಷ್ಟೂ ಪ್ರತಿ ಸಲ ಕತ್ತು ಅಷ್ಟು ಜಾಸ್ತಿ ಎತ್ತಬೇಕು.

ಎರಡನೇ ಅಳತೆ ದೂರ. ಸೋಫಾದಿಂದ ಗೋಡೆಗೆ ಎಷ್ಟು, ಚಾಪೆ ಹಾಸೋ ಜಾಗದಿಂದ ಗೋಡೆಗೆ ಎಷ್ಟು, ಎರಡನ್ನೂ ಬರ್ಕೊಳ್ಳಿ. 30-40 ಸೈಟಿನ ಮನೆ ಹಾಲ್‌ನಲ್ಲಿ ಸೋಫಾ ಸುಮಾರು 8 ಅಡಿ, ಚಾಪೆ 6 ಅಡಿ ಅಂತ ಇಟ್ಕೊಳ್ಳೋಣ.

[ದೃಶ್ಯ: ಗೋಡೆಯ ಚಿತ್ರ, ಎರಡು ಕಣ್ಣುಗಳಿಂದ ಟಿವಿಯ ನಡುಮಧ್ಯಕ್ಕೆ ಗೆರೆಗಳು]

ಈಗ ಲೆಕ್ಕ. ಕಣ್ಣಿನ ಮಟ್ಟದಿಂದ ಟಿವಿಯ ನಡುಮಧ್ಯಕ್ಕೆ 15 ಡಿಗ್ರಿಗಿಂತ ಜಾಸ್ತಿ ಏರಬಾರದು. ಡಿಗ್ರಿ ಅಳೆಯೋಕೆ ಯಾವ ಆ್ಯಪೂ ಬೇಡ: ನಾಲ್ಕು ಅಡಿ ದೂರಕ್ಕೆ ಒಂದು ಅಡಿ ಎತ್ತರ ಅಂತ ಲೆಕ್ಕ ಹಾಕಿ, ಅದು 14 ಡಿಗ್ರಿ. ಇದು ದಾಟಬಾರದ ಗಡಿ ಅಷ್ಟೇ. ಇಷ್ಟೆತ್ತರ ಇರಲೇಬೇಕು ಅಂತಲ್ಲ, ಕಣ್ಣಿನ ಮಟ್ಟಕ್ಕೆ ಹತ್ತಿರ ಇದ್ದಷ್ಟೂ ಒಳ್ಳೇದು.

ಚಾಪೆಯವರು 6 ಅಡಿ ದೂರದಲ್ಲಿದ್ರೆ ಅವರ ಕಣ್ಣಿಗಿಂತ ಒಂದೂವರೆ ಅಡಿ ಮೇಲೆ ಗಡಿ. 28ಕ್ಕೆ 18 ಸೇರಿಸಿ, 46 ಇಂಚು. ಟಿವಿಯ ನಡುಮಧ್ಯ ಇದಕ್ಕಿಂತ ಮೇಲೆ ಹೋಗಬಾರದು. ಅದೇ ಐದಡಿಗೆ, ಅಂದ್ರೆ 60 ಇಂಚಿಗೆ ಇಟ್ರೆ? ಸೋಫಾದವರಿಗೆ ಹತ್ತೂವರೆ ಡಿಗ್ರಿ ಆಗುತ್ತೆ, ಅವರಿಗೆ ದೊಡ್ಡ ತೊಂದರೆ ಅನ್ಸಲ್ಲ. ಚಾಪೆಯವರಿಗೆ 24 ಡಿಗ್ರಿ. ಎತ್ತರ ತೀರ್ಮಾನ ಮಾಡೋರು ಸೋಫಾ ಮೇಲಿರ್ತಾರೆ, ಕತ್ತು ನೋವು ಮಾತ್ರ ನೆಲದ ಮೇಲಿದ್ದೋರಿಗೆ. ಯಜಮಾನರು "ಸರಿಯಾಗೇ ಇದೆಯಲ್ಲ" ಅನ್ನೋದೂ ಇದಕ್ಕೇ.

ನಡುಮಧ್ಯ 42 ಇಂಚಿಗೆ ಇಟ್ಟು ನೋಡಿ. ಸೋಫಾದವರಿಗೆ ಕಣ್ಣಿನ ನೇರಕ್ಕೇ ಬಂತು, ಚಾಪೆಯವರಿಗೆ 11 ಡಿಗ್ರಿ. ಇಬ್ಬರಿಗೂ ಆಗುತ್ತೆ. ಹೆಚ್ಚಿನ ಹಾಲ್‌ಗಳಿಗೆ ನಾವು ಹೇಳೋದು 40ರಿಂದ 43 ಇಂಚು.

[ಪರದೆ ಮೇಲೆ: ನಡುಮಧ್ಯ 42 ಇಂಚು ಇರಬೇಕಾದ್ರೆ ಸ್ಕ್ರೀನಿನ ಕೆಳ ಅಂಚು ನೆಲದಿಂದ ಎಷ್ಟು — 32 ಇಂಚಿನ ಟಿವಿಗೆ 34, 43ಕ್ಕೆ 31½, 55ಕ್ಕೆ 28½, 65ಕ್ಕೆ 26]

ಟಿವಿ ದೊಡ್ಡದಾದಷ್ಟೂ ಕೆಳ ಅಂಚು ಕೆಳಗೆ ಬರಬೇಕು. ಹಳೇ 32 ತೆಗೆದು 55 ತಂದಾಗ ಹಳೇ ಷೋಕೇಸ್ ಮೇಲಿನ ಅಂಚಿನಿಂದಲೇ ಶುರು ಮಾಡಿದ್ರೆ ಟಿವಿ ಪೂರ್ತಿ ಮೇಲಕ್ಕೆ ಹೋಗುತ್ತೆ. 65 ಇಂಚಿಗೆ ಕೆಳ ಅಂಚು 26 ಇಂಚು ಅಂದ್ರೆ ಅದರ ಕೆಳಗೆ 18–20 ಇಂಚಿನ ಟಿವಿ ಯೂನಿಟ್ಟು, ಒಂದು ಸೌಂಡ್‌ಬಾರು ಕೂರುತ್ತೆ. ಮೂರಡಿ ಎತ್ತರದ ಕಡಪಾ ಕಲ್ಲಿನ ಶೆಲ್ಫ್ ಮೊದಲೇ ಕಟ್ಟಿಸಿದ್ರೆ ಕಷ್ಟ. ಮನೆ ಕಟ್ಟುತ್ತಾ ಇರೋರು ಗಾರೆಯವರಿಗೆ ಇದನ್ನ ಮುಂಚೆನೇ ಹೇಳಿಬಿಡಿ.

ಚಿಕ್ಕ ಮಕ್ಕಳಿದ್ದು ಪ್ಲಾಸ್ಟಿಕ್ ಬ್ಯಾಟು, ಚೆಂಡು ಹಾರಾಡೋ ಮನೆಯಾದ್ರೆ 46ರ ಗಡಿವರೆಗೆ ಏರಿಸ್ಕೊಳ್ಳಿ. ಅದಕ್ಕಿಂತ ಮೇಲೆ ಹಾಕಿದ್ರೂ ಚೆಂಡು ಬೀಳೋದು ತಪ್ಪಲ್ಲ. ಮಕ್ಕಳು ಜಗ್ಗಿ ಬೀಳಿಸೋ ಅಪಾಯ ಸ್ಟ್ಯಾಂಡ್ ಮೇಲೆ ಸುಮ್ನೆ ಇಟ್ಟ ಟಿವಿಗೇ ಜಾಸ್ತಿ.

[ದೃಶ್ಯ: ಗೋಡೆ ಮೇಲೆ ಅಂಟಿಸಿದ ನ್ಯೂಸ್‌ಪೇಪರ್, ಮುಂದೆ ಇಬ್ಬರು ಕೂತಿದ್ದಾರೆ]

ಲೆಕ್ಕದ ಮೇಲೆ ನಂಬಿಕೆ ಬರದಿದ್ರೆ ಪೇಪರ್ ಅಂಟಿಸಿ. 43 ಇಂಚಿನ ಟಿವಿ ಅಂದ್ರೆ ಅಗಲ ಮೂವತ್ತೇಳೂವರೆ, ಎತ್ತರ 21 ಇಂಚು. ಆ ಅಳತೆಗೆ ನ್ಯೂಸ್‌ಪೇಪರ್ ಕತ್ತರಿಸಿ ಮಾಸ್ಕಿಂಗ್ ಟೇಪ್‌ನಲ್ಲಿ ಗೋಡೆಗೆ ಹಚ್ಚಿ, ಒಂದು ಸಂಜೆ ಹಾಗೇ ಇರ್ಲಿ. ಮನೇಲಿರೋರೆಲ್ಲ ಅವರವರ ಜಾಗದಲ್ಲಿ ಕೂತು ನೋಡ್ಲಿ. ಮೊದಲ ನೋಟಕ್ಕೆ "ಏನಿದು, ಇಷ್ಟು ಕೆಳಗೆ!" ಅಂತಲೇ ಅನ್ನಿಸೋದು. ಕೂತು ಹತ್ತು ನಿಮಿಷ ಆದ್ಮೇಲೆ ಕೇಳಿ.

ಇನ್ನು ಬ್ರಾಕೆಟ್. ಟಿವಿ ಹಿಂದೆ ಕಟ್ಟೋ ಎರಡು ಪಟ್ಟಿ, ಗೋಡೆಗೆ ಬಿಗಿಯೋ ಒಂದು ಪ್ಲೇಟು; ಪಟ್ಟಿಯ ಕೊಕ್ಕೆ ಪ್ಲೇಟಿನ ಅಂಚಿನ ಮೇಲೆ ಕೂರುತ್ತೆ. ಒಳ್ಳೆ ಲೆಕ್ಕ ಹಾಕಿದೋರೂ ಮುಗ್ಗರಿಸೋ ಜಾಗ ಇದು.

[ದೃಶ್ಯ: ಮಂಚದ ಮೇಲೆ ಬೆಡ್‌ಶೀಟ್, ಅದರ ಮೇಲೆ ಟಿವಿ ಬೋರಲು. ಹಿಂಭಾಗದ ನಾಲ್ಕು ತೂತು ಹತ್ತಿರದಿಂದ.]

ಟಿವಿ ಹಿಂದೆ ಇರೋ ನಾಲ್ಕು ಸ್ಕ್ರೂ ತೂತುಗಳು ಟಿವಿಯ ನಡುಮಧ್ಯದಲ್ಲೇ ಇರುತ್ತೆ ಅಂತ ಅಂದ್ಕೋಬೇಡಿ. ಎಷ್ಟೋ ಮಾಡೆಲ್‌ಗಳಲ್ಲಿ ಅವು ಕೆಳಗಿರ್ತವೆ. ಟಿವಿ ಬೋರಲು ಮಲಗಿಸಿ, ಬ್ರಾಕೆಟ್ಟಿನ ಎರಡು ಪಟ್ಟಿ ಕಟ್ಟಿ, ಟಿವಿಯ ಕೆಳ ಅಂಚಿನಿಂದ ಪಟ್ಟಿಯ ಕೊಕ್ಕೆವರೆಗೆ ಅಳೀರಿ. 14 ಇಂಚು ಬಂತು ಅನ್ನಿ. ಆಮೇಲೆ ಗೋಡೆ ಪ್ಲೇಟ್ ತಗೊಂಡು, ಕೊಕ್ಕೆ ಕೂರೋ ಅಂಚಿನಿಂದ ಮೇಲಿನ ಸಾಲಿನ ತೂತು ಎಷ್ಟು ಕೆಳಗಿದೆ ನೋಡಿ. ಒಂದು ಇಂಚು ಅನ್ನಿ. ಟಿವಿಯ ಒಟ್ಟು ಎತ್ತರ ಫ್ರೇಮ್ ಸೇರಿ 22 ಇಂಚು, ನಡುಮಧ್ಯ 42ರಲ್ಲಿ ಬೇಕು, ಹಾಗಾಗಿ ಕೆಳ ಅಂಚು 31. ಅದಕ್ಕೆ 14 ಸೇರಿಸಿ ಒಂದು ಕಳೀರಿ. ಮೇಲಿನ ಸಾಲಿನ ತೂತು ನೆಲದಿಂದ 44 ಇಂಚಿಗೆ. ಇದನ್ನ ಬಿಟ್ಟು 42ಕ್ಕೇ ಕೊರೆದ್ರೆ ಟಿವಿ ಎರಡು ಇಂಚು ಕೆಳಗಿಳಿಯುತ್ತೆ. ಟಿವಿ ಹಿಂದಿನ ತೂತು ಕೆಳಗಿರೋ ಮಾಡೆಲ್ ಆದ್ರೆ ಮೇಲಕ್ಕೇ ಹೋಗುತ್ತೆ.

ಟಿವಿ ಹಿಂದಕ್ಕೆ ಹಾಕೋ ಸ್ಕ್ರೂ ಬಿಗಿಯಾಗಿ ತಿರುಗದೆ ನಿಂತುಹೋದ್ರೆ ಜೋರು ಮಾಡಬೇಡಿ. ಉದ್ದ ಜಾಸ್ತಿ ಇರೋ ಸ್ಕ್ರೂ ಒಳಗಿನ ಬೋರ್ಡನ್ನೋ ಪ್ಯಾನೆಲ್ಲನ್ನೋ ಒತ್ತುತ್ತೆ. ಪೊಟ್ಟಣದಲ್ಲಿ ಕೊಟ್ಟಿರೋ ಪ್ಲಾಸ್ಟಿಕ್ ಬುಷ್ (ಸ್ಕ್ರೂಗೆ ತೂರಿಸೋ ಸಣ್ಣ ಕೊಳವೆ) ಅದಕ್ಕೇ ಇರೋದು.

[ದೃಶ್ಯ: ಡ್ರಿಲ್ ಬಿಟ್ಟಿನಿಂದ ಉದುರೋ ಪುಡಿ. ಮೊದಲು ಬೂದು, ಆಮೇಲೆ ಕೆಂಪು.]

ಗೋಡೆ ಯಾವುದು ಅನ್ನೋದೂ ಎತ್ತರಕ್ಕೆ ಸಂಬಂಧಪಟ್ಟದ್ದೇ. ಕೊರೆಯುವಾಗ ಕಷ್ಟ ಆದ್ರೆ ಫಿಟ್ ಮಾಡೋರು ತೂತನ್ನ ಎಲ್ಲಿ ಸುಲಭವೋ ಅಲ್ಲಿಗೆ ಸರಿಸ್ತಾರೆ. ನೀವು ಹಾಕಿದ್ದ ಲೆಕ್ಕ ಅಲ್ಲಿಗೆ ಕೆಟ್ಟಂಗೇ.

ಮಾಲೂರು ಕಡೆಯ ಕೆಂಪು ಇಟ್ಟಿಗೆ ಗೋಡೆಯಾದ್ರೆ ಪುಡಿ ಬಣ್ಣ ನೋಡ್ತಾ ಕೊರೆಯಿರಿ. ಮೊದಲು ಬರೋ ಬೂದು ಪುಡಿ ಸಿಮೆಂಟ್ ಗಿಲಾವಿನದು. ಅರ್ಧ ಇಂಚು ಆದ್ಮೇಲೆ ಕೆಂಪು ಪುಡಿ ಬರಬೇಕು. ಎರಡು ಇಂಚು ಹೋದ್ರೂ ಬೂದೇ ಬರ್ತಿದ್ರೆ ಎರಡು ಇಟ್ಟಿಗೆ ನಡುವಿನ ಸಂದಿಗೆ ಹೊಡೀತಿದೀರ ಅಂತ ಅರ್ಥ, ಅಲ್ಲಿ ಹಿಡಿತ ಕಮ್ಮಿ. ಗೋಡೆ ಪ್ಲೇಟ್‌ನಲ್ಲಿ ಬೇರೆ ತೂತು ಇದ್ದೇ ಇರುತ್ತೆ. ಪ್ಲೇಟಿನ ಎತ್ತರ ಬದಲಿಸದೆ ಇಟ್ಟಿಗೆ ಸಿಗೋ ತೂತು ಬಳಸಿ. ಸ್ಕ್ರೂ ಹಿಡಿಯೋಕೆ ತೂತಿಗೆ ತುರುಕೋ ಪ್ಲಾಸ್ಟಿಕ್ ಪ್ಲಗ್ ಪೂರ್ತಿ ಇಟ್ಟಿಗೆ ಒಳಗೆ ಕೂರಬೇಕು, ಗಿಲಾವಿನಲ್ಲಿ ಅಲ್ಲ. ಪ್ಲಗ್ಗಿನ ಉದ್ದಕ್ಕೆ ಗಿಲಾವಿನ ದಪ್ಪ ಸೇರಿಸಿದ್ರೆ ಎಷ್ಟು ಆಳ ಕೊರೆಯಬೇಕು ಅಂತ ಸಿಗುತ್ತೆ. ಬಿಟ್ ಮೇಲೆ ಅಷ್ಟಕ್ಕೆ ಟೇಪ್ ಸುತ್ತಿ ಗುರುತು ಮಾಡ್ಕೊಳ್ಳಿ.

ಸಾಲಿಡ್ ಬ್ಲಾಕ್‌ಗೆ ತಕರಾರಿಲ್ಲ. ಹಾಲೋ ಬ್ಲಾಕ್ ಆದ್ರೆ ಸ್ವಲ್ಪ ಕೊರೆದ ಮೇಲೆ ಡ್ರಿಲ್ ಥಟ್ಟನೆ ಒಳಗೆ ನುಗ್ಗುತ್ತೆ. ಅಲ್ಲಿ ಮಾಮೂಲಿ ಪ್ಲಗ್ ಹಾಕಿದ್ರೆ ಸ್ಕ್ರೂ ಜೊತೆ ಅದೂ ಗಿರಗಿರ ತಿರುಗುತ್ತೆ. ಟೊಳ್ಳು ಗೋಡೆಗೆ ಅಂತಲೇ ಸಿಗೋ, ಒಳಗೆ ಹೋಗಿ ಅಗಲ ಆಗೋ ಆ್ಯಂಕರ್ ತರಿಸಿ. ಮುಂದಕ್ಕೆ ಎಳೆಯೋ ಕೈ ಇರೋ ಬ್ರಾಕೆಟ್ ಮಾತ್ರ ಆ ಗೋಡೆಗೆ ಬೇಡ. ಟಿವಿ ಮುಂದೆ ಬಂದಷ್ಟೂ ಮೇಲಿನ ಸ್ಕ್ರೂಗಳನ್ನ ಕಿತ್ತುಕೊಂಡು ಬರೋ ಹಾಗೆ ಎಳೆಯುತ್ತೆ.

ಪಾವಗಡ, ಬಾಗೇಪಲ್ಲಿ, ಟೇಕಲ್ ಕಡೆ ಸೈಜುಗಲ್ಲಿನ ಮನೆಗಳು ಜಾಸ್ತಿ. ಸಣ್ಣ ಡ್ರಿಲ್ ಹಚ್ಚಿದ್ರೆ ಬಿಟ್ ಕಲ್ಲಿನ ಮೇಲೆ ಜಾರುತ್ತೆ, ಕೆಂಪಗೆ ಕಾಯುತ್ತೆ, ತೂತು ಮಾತ್ರ ಆಗಲ್ಲ. ಕೊನೆಗೆ ಕಲ್ಲಿನ ಸಂದಿ ಹುಡುಕಿ ಹೊಡೀತಾರೆ. ಸಂದಿ ಐದಡಿಗೆ ಸಿಕ್ತು ಅಂದ್ರೆ ಟಿವಿನೂ ಐದಡಿಗೆ! ಹಳೇ ಮನೆಗಳಲ್ಲಿ ಆ ಸಂದಿಯಲ್ಲಿ ಮಣ್ಣೇ ಇರುತ್ತೆ, ಏನೂ ಹಿಡಿಯಲ್ಲ.

ಇದಕ್ಕೆ ಒಳ್ಳೆ ದಾರಿ ಪ್ಲೈವುಡ್. 18 ಎಂಎಂ ವಾಟರ್‌ಪ್ರೂಫ್ ಪ್ಲೈವುಡ್, ಎರಡು ಅಡಿ ಅಗಲ, ಒಂದೂವರೆ ಅಡಿ ಎತ್ತರ. 43 ಇಂಚಿನ ಟಿವಿ ಹಿಂದೆ ಪೂರ್ತಿ ಮರೆಯಾಗುತ್ತೆ. ಮೊದಲು ಗೋಡೆ ಪ್ಲೇಟನ್ನ ಪ್ಲೈವುಡ್‌ಗೆ ನಟ್ಟು-ಬೋಲ್ಟು ಹಾಕಿ ಕಟ್ಟಿ. ಬೋಲ್ಟ್ ತಲೆ ಹಿಂದೆ ಉಬ್ಬದ ಹಾಗೆ ಅದಕ್ಕೆ ಗುಳಿ ತೋಡಿ. ಆಮೇಲೆ ಹಲಗೆಯನ್ನ ನಿಮ್ಮ ಲೆಕ್ಕದ ಎತ್ತರಕ್ಕೆ ಹಿಡಿದು, ಕಲ್ಲು ಗಟ್ಟಿ ಇರೋ ಆರು ಜಾಗದಲ್ಲಿ ದೊಡ್ಡ ಹ್ಯಾಮರ್ ಡ್ರಿಲ್‌ನಿಂದ ಕೊರೆದು ಬಿಗೀರಿ. ಹ್ಯಾಮರ್ ಡ್ರಿಲ್ ದಿನದ ಬಾಡಿಗೆಗೆ ಸಿಗುತ್ತೆ. ಈಗ ತೂತು ಎಲ್ಲಿ ಬಂದ್ರೂ ಟಿವಿ ಎತ್ತರ ಬದಲಾಗಲ್ಲ. ಮಣ್ಣಿನ ಗೋಡೆಯಾದ್ರೆ ಈ ಉಪಾಯವೂ ಬೇಡ, ಸ್ಟ್ಯಾಂಡೇ ಗತಿ.

ಯಾವ ಗೋಡೆ ಆದ್ರೂ ಸ್ವಿಚ್‌ಬೋರ್ಡಿನ ನೇರ ಮೇಲೆ, ನೇರ ಕೆಳಗೆ ಕೊರೆಯಬೇಡಿ, ವೈರಿನ ಪೈಪು ಸಾಮಾನ್ಯವಾಗಿ ಅಲ್ಲೇ ಹೋಗಿರುತ್ತೆ. ಕೊರೆಯೋ ಗೋಡೆಯ ಎಂಸಿಬಿ (ಮೇನ್ ಬೋರ್ಡಿನಲ್ಲಿರೋ ಸ್ವಿಚ್ಚು) ಆಫ್ ಮಾಡಿ, ಡ್ರಿಲ್‌ಗೆ ಬೇರೆ ಕೋಣೆಯಿಂದ ಕರೆಂಟ್ ಎಳ್ಕೊಳ್ಳಿ. ಪ್ಲೇಟ್ ಮೇಲೆ ರಸಮಟ್ಟ ಇಟ್ಟು ನೋಡಿ. ಮೊದಲು ಒಂದೇ ಸ್ಕ್ರೂ ಹಾಕಿ, ಮಟ್ಟ ನೋಡಿ, ಆಮೇಲೆ ಉಳಿದದ್ದು ಗುರುತು ಮಾಡಿ.

ಪ್ಲಗ್ ಪಾಯಿಂಟ್ ವಿಷಯ. ಮೂರು ಪಿನ್ನಿನ ಪ್ಲಗ್ ಗೋಡೆಯಿಂದ ಎರಡು ಇಂಚು ಮುಂದೆ ಬರುತ್ತೆ. ಫಿಕ್ಸೆಡ್ ಬ್ರಾಕೆಟ್ಟಿನಲ್ಲಿ ಟಿವಿ ಹಿಂದೆ ಸಿಗೋ ಜಾಗ ಒಂದು ಇಂಚು ಚಿಲ್ಲರೆ. ಪಾಯಿಂಟ್ ಟಿವಿ ಹಿಂದೆನೇ ಬಂದ್ರೆ ಟಿವಿ ಗೋಡೆಗೆ ಕೂರಲ್ಲ. ಕೆಳ ಅಂಚಿನ ಕೆಳಗೆ, ಟಿವಿ ಯೂನಿಟ್ಟಿನ ಹಿಂದೆ ಹಾಕಿಸಿ. ಸೆಟ್‌ಟಾಪ್ ಬಾಕ್ಸೂ ಅಲ್ಲೇ ಇರ್ಲಿ. ಟಿವಿ ಹಿಂದೆ ಸಿಕ್ಕಿಸಿದ್ರೆ ರಿಮೋಟ್ ಹಿಡಿಯಲ್ಲ.

ಬೆಡ್‌ರೂಮಿಗೆ ಲೆಕ್ಕ ಬೇರೆ. ದಿಂಬಿಗೆ ಒರಗಿದಾಗ ನೋಟ ತಾನೇ ಮೇಲಕ್ಕೆ ತಿರುಗಿರುತ್ತೆ, 50ರಿಂದ 60 ಇಂಚು ಆದ್ರೂ ಪರವಾಗಿಲ್ಲ. ಮುಂದಕ್ಕೆ ಬಾಗೋ ಬ್ರಾಕೆಟ್ ಹಾಕ್ಸಿ. ಪ್ರೊಗ್ರೆಸಿವ್ ಕನ್ನಡಕ (ಒಂದೇ ಗಾಜಿನಲ್ಲಿ ಮೇಲೆ ದೂರಕ್ಕೆ, ಕೆಳಗೆ ಓದೋಕೆ) ಹಾಕೋರಿಗೆ ಮಲಗಿ ನೋಡೋಕೆ ಎತ್ತರದ ಟಿವಿನೇ ವಾಸಿ. ಕೆಳಗಿದ್ರೆ ಓದೋಕೆ ಇರೋ ಕೆಳಗಿನ ಗಾಜಿನಿಂದ ನೋಡಬೇಕಾಗಿ ಮಸುಕಾಗುತ್ತೆ.

[ದೃಶ್ಯ: ಎತ್ತರದಲ್ಲಿರೋ ಟಿವಿ, ಪಕ್ಕದಿಂದ]

ಈಗಾಗಲೇ ಐದಡಿಗೆ ಹಾಕ್ಸಿಬಿಟ್ಟಿದ್ರೆ? ಬಾಗೋ ಬ್ರಾಕೆಟ್ ಹಾಕಿ ಹತ್ತು ಹದಿನೈದು ಡಿಗ್ರಿ ಬಗ್ಗಿಸಿದ್ರೆ ಬಣ್ಣ ಸರಿಹೋಗುತ್ತೆ, ಟ್ಯೂಬ್‌ಲೈಟ್ ಪ್ರತಿಬಿಂಬವೂ ಎಷ್ಟೋ ಕಮ್ಮಿ ಆಗುತ್ತೆ. ಕತ್ತಿಗೆ ಅದರಿಂದ ಏನೂ ಲಾಭ ಇಲ್ಲ, ಟಿವಿ ಅಲ್ಲೇ ಇದೆಯಲ್ಲ. ಕತ್ತು ನೋವಿಗೆ ಟಿವಿ ಇಳಿಸೋದೇ ದಾರಿ, ಅದೇನು ದೊಡ್ಡ ಕೆಲಸವೂ ಅಲ್ಲ. ಅದೇ ಪ್ಲೇಟು, ಹೊಸ ಪ್ಲಗ್‌ಗಳು ಸಾಕು. ಹಳೇ ತೂತಿಗೂ ಹೊಸದಕ್ಕೂ ಕನಿಷ್ಠ ಎರಡು ಇಂಚು ಅಂತರ ಇರ್ಲಿ. ಹಳೇ ಪ್ಲಗ್ ಕೀಳೋಕೆ ಹೋದ್ರೆ ಗಿಲಾವು ಕಿತ್ತು ಬರುತ್ತೆ. ಅದನ್ನ ಒಳಗೇ ತಳ್ಳಿ, ಮೇಲೆ ವಾಲ್ ಪುಟ್ಟಿ ತುಂಬಿ, ಒಣಗಿದ ಮೇಲೆ ಉಪ್ಪುಕಾಗದದಲ್ಲಿ ಉಜ್ಜಿ ಬಣ್ಣ ಹಚ್ಚಿ.