ಆಲ್ಬಮ್ ಹುಡುಕಿಕೊಂಡು ಹೊರಟ ನಿರ್ದೇಶಕ

ಎಲ್ಲರಿಗೂ ನಮಸ್ಕಾರ. ಇವತ್ತು ಥಾಮಸ್ ಅಲೆನ್ ಹ್ಯಾರಿಸ್ ಅನ್ನುವ ಅಮೆರಿಕದ ಸಾಕ್ಷ್ಯಚಿತ್ರ ನಿರ್ದೇಶಕರ ಬಗ್ಗೆ ಮಾತಾಡ್ತೀನಿ. ಹುಟ್ಟಿದ್ದು ನ್ಯೂಯಾರ್ಕಿನ ಬ್ರಾಂಕ್ಸ್‌ನಲ್ಲಿ. ತಾತನಿಗೆ ಫೋಟೋ ಹುಚ್ಚು, ಮನೆಮಂದಿಯನ್ನೆಲ್ಲ ನಿಲ್ಲಿಸಿ ಫೋಟೋ ತೆಗೆಯುತ್ತಿದ್ದರು. ತಮ್ಮ ಲೈಲ್ ಆಷ್ಟನ್ ಹ್ಯಾರಿಸ್ ಕೂಡ ಹೆಸರಾದ ಫೋಟೋಗ್ರಾಫರ್.

ಇವರ ಸಾಕ್ಷ್ಯಚಿತ್ರ ‘ಥ್ರೂ ಎ ಲೆನ್ಸ್ ಡಾರ್ಕ್‌ಲಿ’ ಬಂದದ್ದು 2014ರಲ್ಲಿ. ಅಮೆರಿಕದ ಕಪ್ಪುಜನ ತಾವೇ ಕ್ಯಾಮೆರಾ ಹಿಡಿದ ಕತೆ ಅದು. ಇತಿಹಾಸಕಾರ್ತಿ ಡೆಬೊರಾ ವಿಲ್ಲಿಸ್ ಅವರ ಸಂಶೋಧನೆಯೇ ಅದರ ತಳಪಾಯ.

ಎರಡು ಫೋಟೋಗಳನ್ನು ಪಕ್ಕಪಕ್ಕ ಇಟ್ಟು ನೋಡೋಣ. 1850ರಲ್ಲಿ ಹಾರ್ವರ್ಡ್‌ನ ವಿಜ್ಞಾನಿ ಲೂಯಿ ಅಗಾಸಿಸ್‌ಗಾಗಿ ಸೌತ್ ಕೆರೊಲಿನಾದಲ್ಲಿ ಗುಲಾಮರ ಬಟ್ಟೆ ಬಿಚ್ಚಿಸಿ, ಎದುರಿನಿಂದ, ಪಕ್ಕದಿಂದ ಫೋಟೋ ತೆಗೆದರು. ಕಪ್ಪುಜನ ಬೇರೆಯೇ ಜಾತಿಯ ಜೀವಿಗಳು ಅಂತ ಸಾಬೀತು ಮಾಡೋ ಹಟ! ಆ ಫೋಟೋಗಳು ಮತ್ತೆ ಸಿಕ್ಕಿದ್ದು 1976ರಲ್ಲಿ, ಹಾರ್ವರ್ಡ್‌ನದೇ ಮ್ಯೂಸಿಯಮ್ಮಿನ ಅಟ್ಟದ ಮೇಲೆ.

ಇನ್ನೊಂದು 1864ರದು. ಗುಲಾಮಗಿರಿಯಿಂದ ಹೊರಬಂದ ಸೋಜರ್ನರ್ ಟ್ರೂತ್ ಸ್ಟುಡಿಯೋದಲ್ಲಿ ಕೂತಿದ್ದಾರೆ. ತಲೆಗೆ ಬಿಳಿ ಟೋಪಿ, ಹೆಗಲ ಮೇಲೆ ಶಾಲು, ಕನ್ನಡಕ, ಕೈಯಲ್ಲಿ ಹೆಣಿಗೆ. ಈ ಫೋಟೋ ಕಾರ್ಡುಗಳನ್ನು ಭಾಷಣಕ್ಕೆ ಹೋದಲ್ಲೆಲ್ಲ ಮಾರಿ ಅವರು ಜೀವನ ಸಾಗಿಸಿದರು, ಅದೂ ಕಾಪಿರೈಟ್ ಸ್ವಂತ ಹೆಸರಲ್ಲೇ ಮಾಡಿಸಿಕೊಂಡು. ಒಂದು ಕಾಲದಲ್ಲಿ ಅವರನ್ನೇ ಸಂತೆಯ ಸಾಮಾನಿನ ಹಾಗೆ ಮಾರಿದ್ದರು ಅನ್ನೋದು ನೆನಪಿರಲಿ.

ಗುಲಾಮಗಿರಿಯಿಂದ ತಪ್ಪಿಸಿಕೊಂಡು ಅದರ ವಿರುದ್ಧವೇ ಹೋರಾಡಿದ ಫ್ರೆಡೆರಿಕ್ ಡಗ್ಲಸ್‌ಗೂ ಫೋಟೋದ ಈ ಶಕ್ತಿ ಗೊತ್ತಿತ್ತು. ಅವರ ಸುಮಾರು 160 ಭಾವಚಿತ್ರಗಳು ಸಿಕ್ಕಿವೆ. ಹೆಚ್ಚಿನವುಗಳಲ್ಲಿ ನಗುವೇ ಇಲ್ಲ, ಯಾಕಂದ್ರೆ ಹಲ್ಲು ಕಿರಿಯುವ ಗುಲಾಮನ ವ್ಯಂಗ್ಯಚಿತ್ರಗಳು ಆಗ ಎಲ್ಲೆಲ್ಲೂ ಇದ್ದವು. ಕಪ್ಪುಜನರನ್ನು ಮರಕ್ಕೆ ನೇಣು ಹಾಕಿ, ಅದರ ಫೋಟೋವನ್ನು ಪೋಸ್ಟ್‌ಕಾರ್ಡ್ ಮಾಡಿ ಮಾರಿದ ದೇಶ ಅದು. ಅಂಥ ಕಡೆ ಮನೆಯವರೆಲ್ಲ ಒಳ್ಳೆ ಬಟ್ಟೆ ಹಾಕಿಕೊಂಡು ಸ್ಟುಡಿಯೋಗೆ ಹೋಗೋದು ಸುಮ್ನೆ ಶೋಕಿ ಅಲ್ಲ, ಅಲ್ವಾ? ನ್ಯೂಯಾರ್ಕಿನ ಕಪ್ಪುಜನರ ಬಡಾವಣೆ ಹಾರ್ಲೆಮ್‌ನ ಫೋಟೋಗ್ರಾಫರ್ ಜೇಮ್ಸ್ ವ್ಯಾನ್‌ಡರ್‌ಜೀ 1932ರಲ್ಲಿ ತೆಗೆದ ಒಂದು ಫೋಟೋದಲ್ಲಿ ಉದ್ದನೆಯ ತುಪ್ಪಳದ ಕೋಟು ತೊಟ್ಟ ಜೋಡಿ ಇದೆ. ಗಂಡಸು ಕ್ಯಾಡಿಲಾಕ್ ಕಾರಿನೊಳಗೆ, ಹೆಂಗಸು ಪಕ್ಕದಲ್ಲಿ ನಿಂತಿದ್ದಾರೆ. ಆ ಠೀವಿ ನೋಡಬೇಕು!

ಹ್ಯಾರಿಸ್ ನನಗೆ ಇಷ್ಟವಾಗೋದು ಇಲ್ಲೇ. ಮನೆಯ ಆಲ್ಬಮ್ಮನ್ನೂ ಅವರು ಇತಿಹಾಸದ ದಾಖಲೆ ಅಂತ ನೋಡ್ತಾರೆ. ‘ಡಿಜಿಟಲ್ ಡಯಾಸ್ಪೊರಾ ಫ್ಯಾಮಿಲಿ ರೀಯೂನಿಯನ್’ ಅನ್ನೋ ಯೋಜನೆ ಕಟ್ಟಿಕೊಂಡು ಊರೂರು ಸುತ್ತಿದರು. ಜನ ಹಳೇ ಫೋಟೋ ಹಿಡಿದುಕೊಂಡು ಬಂದು, ಇವರು ನಮ್ಮಜ್ಜಿ, ಇವರು ಚಿಕ್ಕಪ್ಪ ಅಂತ ಎಲ್ಲರೆದುರು ಕತೆ ಹೇಳ್ತಾರೆ. 2019ರಲ್ಲಿ ಇದೇ ದಾರಿಯಲ್ಲಿ ಅಮೆರಿಕದ ಸಾರ್ವಜನಿಕ ವಾಹಿನಿ ಪಿಬಿಎಸ್‌ನಲ್ಲಿ ಟೀವಿ ಸರಣಿಯೂ ಬಂತು.

ಒಂದು ತಕರಾರೂ ಇದೆ. ಸಿನಿಮಾದಲ್ಲಿ ಫೋಟೋಗಳು ಜಾಸ್ತಿ, ಓಟವೂ ಜಾಸ್ತಿ. ಒಂದು ಮುಖ ನೋಡಿ ಮುಗಿಸೋಷ್ಟರಲ್ಲಿ ಇನ್ನೊಂದು ಬಂದುಬಿಡುತ್ತೆ. ಅದಕ್ಕೇ ಈಗ ಒಂದು ತುಣುಕು ಹಾಕ್ತೀನಿ. ನಡುನಡುವೆ ನಿಲ್ಲಿಸ್ತೀನಿ, ಬೈಕೋಬೇಡಿ. ಹಿಂದೆ ಕೂತವರು ಯಾರಾದ್ರೂ ಲೈಟ್ ಆರಿಸ್ತೀರಾ?